ಚಂದಾಪುರ ಮತ್ತು ಕಾಣದ ಕೀಲಿ

ಕಲಬುರಗಿ ಜಿಲ್ಲೆಯ ಈಶಾನ್ಯದ ಅಂಚಿನಲ್ಲಿ, ತೆಲಂಗಾಣದ ಮೇರೆಗೆ ಹೊಂದಿಕೊಂಡು ಚಿಂಚೋಳಿ ತಾಲ್ಲೂಕು ಹಬ್ಬಿದೆ. ಅದರ ಮುಖ್ಯ ಪಟ್ಟಣವು ಕಾಗದಪತ್ರಗಳಲ್ಲಿ ಒಂದೇ ಆಗಿದ್ದರೂ ಕಂಡವರ ಕಣ್ಣಿಗೆ ಎರಡು ಊರುಗಳಂತೆ ತೋರುತ್ತದೆ. ಮುಲ್ಲಾಮಾರಿ ನದಿಯ ಒಂದು ದಂಡೆಗೆ ಹಳೆಯ ಚಿಂಚೋಳಿ, ಮತ್ತೊಂದು ದಂಡೆಗೆ ಚಂದಾಪುರ. ರಾಜ್ಯದ ಮುಖ್ಯಮಂತ್ರಿ ಸ್ಥಾನವನ್ನು ಎರಡು ಬಾರಿ ಅಲಂಕರಿಸಿದ ದಿವಂಗತ ವೀರೇಂದ್ರ ಪಾಟೀಲರು ಈ ಚಿಂಚೋಳಿಯವರೇ ಎಂಬುದನ್ನು ಇಲ್ಲಿಯ ಹಿರಿಯರು ಇಂದಿಗೂ ಅಭಿಮಾನದಿಂದ ಹೇಳುತ್ತಾರೆ.

ನಮ್ಮ ನಾಡಿನಲ್ಲಿ ಚಂದಾಪುರವೆಂಬ ಹೆಸರಿನ ಊರು ಇದೊಂದೇ ಅಲ್ಲ. ಬೆಂಗಳೂರಿನ ಆನೇಕಲ್ ತಾಲ್ಲೂಕಿನಲ್ಲಿ ಹೊಸೂರು ರಸ್ತೆಗೆ ಇನ್ನೊಂದು ಚಂದಾಪುರವಿದೆ. ಲಕೋಟೆಯ ಮೇಲೆ ಊರ ಹೆಸರನ್ನಷ್ಟೇ ಬರೆದು ಅಂಚೆಗೆ ಹಾಕಿದರೆ ಅದು ಎಲ್ಲಿಗೆ ಹೋದೀತೆಂದು ಹೇಳಲಾಗದು. 585 ಎಂದು ಆರಂಭವಾಗುವ ಪಿನ್‌ಕೋಡ್ ಬರೆದರೆ ಕಲಬುರಗಿಯ ಕಡೆಗೆ, 560 ಎಂದು ಬರೆದರೆ ಬೆಂಗಳೂರಿನ ಕಡೆಗೆ. ಹೀಗೆ ಮೂರು ಅಂಕಿಗಳು ಒಂದು ವಸ್ತುವಿನ ದಾರಿಯನ್ನು ನಿರ್ಣಯಿಸುತ್ತವೆ. ಈ ಮಾತನ್ನು ಓದುಗ ಬಂಧುಗಳು ನೆನಪಿನಲ್ಲಿಡಬೇಕು. ಮುಂದೆ ನಮಗೆ ಇದು ಬೇಕಾಗುತ್ತದೆ.

ದಾರಿಯ ನೋಟ

ಭಕ್ತರೊಬ್ಬರ ಮನೆಯ ಗೃಹಪ್ರವೇಶದ ನಿಮಿತ್ತ ನಾವು ಈಚೆಗೆ ಚಂದಾಪುರಕ್ಕೆ ಹೋಗಬೇಕಾಯಿತು. ವಾಡಿ ಜಂಕ್ಷನ್ನಿನಲ್ಲಿ ಇಳಿದು, ಸಿಕಂದರಾಬಾದಿನ ಕಡೆಗೆ ಹೋಗುವ ಗಾಡಿಯನ್ನು ಹಿಡಿದೆವು. ನಿಜಾಮರ ಕಾಲದಲ್ಲಿ, 1874ರಲ್ಲಿ, ಹೈದರಾಬಾದನ್ನು ಮುಂಬಯಿ-ಮದರಾಸು ಹಾದಿಗೆ ಜೋಡಿಸಲು ಹಾಕಿಸಿದ ಮಾರ್ಗವಿದು. ಚಿತ್ತಾಪುರ ದಾಟಿದ ಮೇಲೆ ಮಳಖೇಡ ರೋಡ್ ಎಂಬ ನಿಲ್ದಾಣ ಬರುತ್ತದೆ. ಕಾಗಿಣಾ ನದಿಯ ದಂಡೆಯ ಮಳಖೇಡವೇ ರಾಷ್ಟ್ರಕೂಟರ ಮಾನ್ಯಖೇಟ. ಕನ್ನಡ ನಾಡು ಕಾವೇರಿಯಿಂದ ಗೋದಾವರಿಯವರೆಗೆ ಹರಡಿದೆಯೆಂದು ಒಂಬತ್ತನೆಯ ಶತಮಾನದಲ್ಲಿಯೇ ಸಾರಿದ ‘ಕವಿರಾಜಮಾರ್ಗ’ ಅಮೋಘವರ್ಷ ನೃಪತುಂಗನ ಆಸ್ಥಾನದಲ್ಲಿ ಹುಟ್ಟಿತು. ನಾಡಿಗೆ ಎಲ್ಲೆಯನ್ನು ಹೇಳಿದ ಆ ಗ್ರಂಥ ಎಲ್ಲೆಯಾಚೆಯವರು ತನ್ನನ್ನು ಓದಬಾರದೆಂದು ಎಲ್ಲಿಯೂ ವಿಧಿಸಲಿಲ್ಲ.

ಸೇಡಂನಲ್ಲಿ ಗಾಡಿ ಇಳಿದು ಬಸ್ಸು ಹತ್ತಿದೆವು, ಚಿಂಚೋಳಿಗೆ ರೈಲಿಲ್ಲ. ಸುಣ್ಣಕಲ್ಲಿನ ಗಣಿಗಳು, ಸಿಮೆಂಟ್ ಕಾರ್ಖಾನೆಗಳ ಎತ್ತರದ ಚಿಮಣಿಗಳು ಹಿಂದೆ ಸರಿದಂತೆ ತೊಗರಿಯ ಹೊಲಗಳು ಎದುರಾದವು. ಈ ಜಿಲ್ಲೆಯ ತೊಗರಿಗೆ 2019ರಲ್ಲಿ ಭೌಗೋಳಿಕ ಸೂಚಿಯ ಮಾನ್ಯತೆ ದೊರೆತಿದೆ. ಚಿಂಚೋಳಿ ಸಮೀಪಿಸಿದಂತೆ ನೆಲ ಏರಿಳಿಯತೊಡಗುತ್ತದೆ; ಗುಡ್ಡಗಳ ಮೇಲೆ ಕಾಡು ಕಾಣುತ್ತದೆ. ಚಂದ್ರಂಪಳ್ಳಿಯ ಜಲಾಶಯ, ಗೊಟ್ಟಂಗೊಟ್ಟದ ಅರಣ್ಯ ಇವೆಲ್ಲ ಆ ಕಡೆಗೆ. 2011ರಲ್ಲಿ ಈ ಕಾಡನ್ನು ವನ್ಯಜೀವಿ ಧಾಮವೆಂದು ಘೋಷಿಸಲಾಯಿತು.

ಚಂದಾಪುರದ ಬಸ್ಸು ನಿಲ್ಲುವ ಕಡೆ ಐದು ನಿಮಿಷ ನಿಂತರೆ ಸಾಕು, ಕನ್ನಡ, ತೆಲುಗು, ದಖನಿ ಉರ್ದು, ತಾಂಡಾಗಳಿಂದ ಬಂದ ಬಂಧುಗಳ ಲಂಬಾಣಿ ನುಡಿ, ನಾಲ್ಕೂ ಕಿವಿಗೆ ಬೀಳುತ್ತವೆ. ತಾಂಡೂರಿನ ಕಡೆಯಿಂದ ಬಂದವರು ತೆಲುಗಿನಲ್ಲಿ ಬೆಲೆ ಕೇಳಿದರೆ ಅಂಗಡಿಯವರು ಕನ್ನಡದಲ್ಲಿ ಹೇಳುತ್ತಾರೆ. ಇಬ್ಬರಿಗೂ ತಿಳಿಯುತ್ತದೆ, ವ್ಯಾಪಾರ ಮುಗಿಯುತ್ತದೆ. ಗಡಿನಾಡಿನ ಊರುಗಳ ಸಂಸ್ಕಾರವೇ ಅಂಥದು.

ಒಂದು ಕಾಣಿಕೆಯ ಕಥೆ

ನಾವು ಇಳಿದುಕೊಂಡ ಮನೆ ಶಹಾಬಾದಿ ಪರಸಿ ಹಾಸಿದ ವಿಶಾಲವಾದ ಮನೆ. ಜೋಳದ ರೊಟ್ಟಿ, ಪುಂಡಿಪಲ್ಯ, ಶೇಂಗಾ ಹಿಂಡಿಯ ಪ್ರಸಾದ ಮುಗಿಸಿ ಪಡಸಾಲೆಯಲ್ಲಿ ಕುಳಿತಿದ್ದಾಗ ಎಂಟನೆಯ ಇಯತ್ತೆಯ ಹುಡುಗನೊಬ್ಬ ಮುಖ ಸಣ್ಣದು ಮಾಡಿಕೊಂಡು ಬಂದ. ಅವನ ಕೈಯಲ್ಲಿ ಅಂಗೈಗಿಂತ ತುಸು ದೊಡ್ಡದಾದ, ಪುಸ್ತಕದಂತೆ ಮಡಚುವ ಒಂದು ವಿಡಿಯೋ ಗೇಮ್ ಯಂತ್ರವಿತ್ತು.

“ಮುತ್ಯಾ, ಇದರಾಗ ಕಾರ್ಡ್ ಹಾಕಿದ್ರ ಏನೂ ಬರವಲ್ದು ನೋಡ್ರಿ. ಅತ್ತಿ ಡೂಪ್ಲಿಕೇಟ್ ಕೊಟ್ಟಾಳ” ಎಂದ.

ಸಂಗತಿ ಇಷ್ಟು. ಹುಡುಗನ ಕಾಕಾ ಕೆಲಸದ ಮೇಲೆ ಜಪಾನಿನಲ್ಲಿ ಕೆಲವು ವರ್ಷ ಇದ್ದವರು. ಬರುವಾಗ ತಾವು ಆಡುತ್ತಿದ್ದ ಯಂತ್ರವನ್ನು ತಂದು ಅಣ್ಣನ ಮಗನಿಗೆ ಕೊಟ್ಟರು. ಸೋದರತ್ತೆ ಇರುವುದು ಅಮೆರಿಕದಲ್ಲಿ. ಅಳಿಯನ ಬಳಿ ಯಂತ್ರವಿದೆಯೆಂದು ತಿಳಿದು, ಅದೇ ಹೆಸರಿನ ಯಂತ್ರಕ್ಕೆ ಸೇರುವ ಮೂರು ಆಟದ ಕಾರ್ಡುಗಳನ್ನು ಅಲ್ಲಿಂದ ಕೊಂಡು ತಂದರು. ಕಾರ್ಡು ಸರಿಯಾಗಿ ಕೂಡುತ್ತದೆ. ಯಂತ್ರ ಮಾತ್ರ ಅದನ್ನು ಒಲ್ಲೆನೆನ್ನುತ್ತದೆ. ಮಗು ಅತ್ತ. ಮನೆಯವರು ಅಗ್ಗದ ನಕಲಿ ಮಾಲು ಎಂದುಕೊಂಡರು. ಆ ಮಾತು ಫೋನಿನಲ್ಲಿ ಅತ್ತೆಯ ಕಿವಿಗೂ ಬಿದ್ದು, ಗೃಹಪ್ರವೇಶದ ಸಡಗರದ ನಡುವೆ ಅಣ್ಣತಂಗಿಯರ ನಡುವೆ ಒಂದು ಸಣ್ಣ ಮುಳ್ಳು ನೆಟ್ಟಿತ್ತು.

ಎಂಜಿನಿಯರಿಂಗ್ ಓದುವ ಆ ಮನೆಯ ಇನ್ನೊಬ್ಬ ಮೊಮ್ಮಗ ರಜೆಗೆ ಬಂದಿದ್ದ. ಅವನು ಕಾರ್ಡನ್ನು ತಿರುಗಿಸಿ ನೋಡಿ, “ಕಾರ್ಡ್ ಖರೇನ ಅದ, ಮಶೀನೂ ಖರೇನ ಅದ. ಎರಡರ ದೇಶ ಬ್ಯಾರೆ ಬ್ಯಾರೆ ಅದಾವ್ರಿ” ಎಂದ. ನಾವು ಅವನನ್ನು ಕುಳ್ಳಿರಿಸಿಕೊಂಡು ಕೇಳಿ ತಿಳಿದದ್ದನ್ನೂ, ಊರಿಗೆ ಮರಳಿದ ಮೇಲೆ ಬಲ್ಲವರಿಂದ ವಿಚಾರಿಸಿ ದೃಢಪಡಿಸಿಕೊಂಡದ್ದನ್ನೂ ಇಲ್ಲಿ ಬರೆಯುತ್ತಿದ್ದೇವೆ. ಹೊರದೇಶದಲ್ಲಿ ಮಕ್ಕಳಿರುವ ಮನೆಗಳು ಇಂದು ನಮ್ಮ ಸಮಾಜದಲ್ಲಿ ಕಡಿಮೆಯಿಲ್ಲ. ಒಂದು ಮನೆಯಲ್ಲಿ ಆದದ್ದು ಹತ್ತು ಮನೆಗಳಲ್ಲಿ ಆಗುತ್ತಿರಬಹುದು.

ಕೀಲಿಯ ಬಗೆ

ಇದನ್ನು ‘ರೀಜನ್ ಲಾಕ್’ ಎನ್ನುತ್ತಾರೆ. ಪ್ರದೇಶದ ಕೀಲಿ ಎಂದು ನಾವು ಹೇಳಬಹುದು. ಯಂತ್ರವನ್ನು ತಯಾರಿಸುವಾಗಲೇ ಅದು ಯಾವ ದೇಶಗಳ ಗುಂಪಿಗೆ ಸೇರಿದ್ದೆಂಬ ಒಂದು ಗುರುತನ್ನು ಅದರೊಳಗೆ ಬರೆದಿಡುತ್ತಾರೆ. ಕಾರ್ಡಿನೊಳಗೂ ಅಂಥದೇ ಒಂದು ಗುರುತಿರುತ್ತದೆ. ಕಾರ್ಡು ಹಾಕಿದೊಡನೆ ಯಂತ್ರವು ಎರಡನ್ನೂ ತಾಳೆ ನೋಡುತ್ತದೆ. ಹೊಂದಿದರೆ ಆಟ ತೆರೆಯುತ್ತದೆ, ಹೊಂದದಿದ್ದರೆ ಅಲ್ಲಿಗೇ ನಿಲ್ಲುತ್ತದೆ. ಎರಡು ಚಂದಾಪುರಗಳ ಪಿನ್‌ಕೋಡಿನಂತೆಯೇ ಇದೂ ಕೆಲವು ಅಂಕಿಗಳ ಮಾತು. ಒಂದು ಭೇದ ಮಾತ್ರ ಉಂಟು: ಅಂಚೆಯ ಸಂಖ್ಯೆ ಲಕೋಟೆಯನ್ನು ತಲುಪಿಸಲು ಇದೆ, ಈ ಸಂಖ್ಯೆ ತಡೆಯಲು ಇದೆ.

ಸಿನಿಮಾ ಡಿವಿಡಿಗಳ ಕಾಲವನ್ನು ಕಂಡವರಿಗೆ ಇದು ಹೊಸದಲ್ಲ. ಅಲ್ಲಿ ಲೋಕದ ದೇಶಗಳನ್ನು ಆರು ಭಾಗ ಮಾಡಿ, ಅಮೆರಿಕ ಮತ್ತು ಕೆನಡಾಗಳಿಗೆ 1, ಯೂರೋಪು ಮತ್ತು ಜಪಾನುಗಳಿಗೆ 2 ಎಂದು ಹಂಚಿದ್ದರು. ನಮ್ಮ ಭಾರತಕ್ಕೆ 5. ರಷ್ಯ ಹಾಗೂ ಆಫ್ರಿಕದ ಬಹುತೇಕ ದೇಶಗಳೂ ಅದೇ ಗುಂಪಿನಲ್ಲಿದ್ದವು. ಅಮೆರಿಕದ ಅಂಗಡಿಯಲ್ಲಿ ಕೊಂಡ ಸಿನಿಮಾ ತಟ್ಟೆ ಇಲ್ಲಿಯ ಟಿವಿಯ ಮುಂದೆ ಮೌನವಾಗಿದ್ದುದು ಈ ಕಾರಣದಿಂದ.

ಕೈಯಲ್ಲಿ ಹಿಡಿದು ಆಡುವ ಯಂತ್ರಗಳಲ್ಲಿ ಮೊದಲಿಗೆ ಈ ಕೀಲಿ ಇರಲಿಲ್ಲ ಎಂಬುದು ವಿಶೇಷ. ನಮ್ಮಲ್ಲಿ ಮಕ್ಕಳು ಆಟದ ಕಾರ್ಡನ್ನು ‘ಕ್ಯಾಸೆಟ್’ ಎಂದು ಕರೆಯುತ್ತಿದ್ದ ಕಾಲದಲ್ಲಿ, 1989ರಲ್ಲಿ, ಜಪಾನಿನ ನಿಂಟೆಂಡೊ ಕಂಪನಿ ‘ಗೇಮ್ ಬಾಯ್’ ಎಂಬ ಯಂತ್ರವನ್ನು ತಂದಿತು. ಅದರಲ್ಲಿ ಯಾವ ದೇಶದ ಕಾರ್ಡನ್ನಾದರೂ ಆಡಬಹುದಿತ್ತು. 2004ರಲ್ಲಿ ಬಂದ ‘ಡಿಎಸ್’ ಯಂತ್ರದಲ್ಲಿಯೂ ಸಾಮಾನ್ಯವಾಗಿ ಅಡ್ಡಿಯಿರಲಿಲ್ಲ. 2008ರ ‘ಡಿಎಸ್‌ಐ’ ಯಂತ್ರದಲ್ಲಿ ಅದಕ್ಕೆಂದೇ ಮಾಡಿದ ಆಟಗಳಿಗೆ ಕೀಲಿ ಬಿತ್ತು. 2011ರಲ್ಲಿ ‘3ಡಿಎಸ್’ ಬಂದಾಗ ಅದು ಪೂರ್ಣವಾಯಿತು. ಜಪಾನ್, ಅಮೆರಿಕ, ಯೂರೋಪ್, ಚೀನ, ಕೊರಿಯ, ತೈವಾನ್ ಎಂದು ಅದರಲ್ಲಿ ವಿಭಾಗಗಳಿದ್ದವು. ಭಾರತಕ್ಕೆಂದು ಪ್ರತ್ಯೇಕ ವಿಭಾಗವೇ ಇರಲಿಲ್ಲ. ಎಂದರೆ ನಮ್ಮ ಮಕ್ಕಳ ಕೈಗೆ ಬಂದ ಯಾವ ಯಂತ್ರವೂ ಪರದೇಶದ ಲೆಕ್ಕದ್ದೇ.

ಸೋನಿ ಕಂಪನಿಯ ದಾರಿ ಬೇರೆ. 2004ರಲ್ಲಿ ಬಂದ ಅದರ ‘ಪಿಎಸ್‌ಪಿ’ಯ ಆಟಗಳಿಗೆ ಕೀಲಿಯಿರಲಿಲ್ಲ, ಅದರಲ್ಲಿ ನೋಡುವ ಸಿನಿಮಾ ತಟ್ಟೆಗಳಿಗೆ ಮಾತ್ರ ಇತ್ತು. 2011ರ ‘ವಿಟಾ’ದಲ್ಲಿ ಕಾರ್ಡುಗಳಿಗೆ ತಡೆಯಿಲ್ಲ; ಆದರೆ ಜಾಲದಂಗಡಿಯ ಖಾತೆ ಒಂದು ದೇಶಕ್ಕೆ ಕಟ್ಟುಬಿದ್ದಿತ್ತು. ಇನ್ನೊಂದು ದೇಶದ ಖಾತೆಗೆ ಬದಲಾಗಬೇಕಾದರೆ ಯಂತ್ರವನ್ನು ಮೊದಲಿನ ಸ್ಥಿತಿಗೆ ತರಬೇಕು. ಬಾಗಿಲ ಕೀಲಿಯನ್ನು ತೆಗೆದು ಅಂಗಳದ ಗೇಟಿಗೆ ಹಾಕಿದಂತೆ.

ಕಂಪನಿಗಳಿಗೂ ತಮ್ಮವೇ ಕಾರಣಗಳಿವೆ. ಅವನ್ನು ಹೇಳದಿದ್ದರೆ ನ್ಯಾಯವಾಗದು. ಯಾವ ವಯಸ್ಸಿನವರು ಯಾವ ಆಟವನ್ನು ಆಡಬಹುದೆಂಬ ನಿಯಮ ಜಪಾನಿನಲ್ಲಿ ಒಂದು, ಅಮೆರಿಕದಲ್ಲಿ ಒಂದು, ಯೂರೋಪಿನಲ್ಲಿ ಮತ್ತೊಂದು. ಮಾರಾಟದ ಹಕ್ಕುಗಳು ಒಂದೊಂದು ದೇಶದಲ್ಲಿ ಒಬ್ಬೊಬ್ಬರ ಪಾಲಾಗಿರುತ್ತವೆ. ಬೆಲೆಯೂ ಬಿಡುಗಡೆಯ ದಿನವೂ ಬೇರೆಬೇರೆ. ಇವೆಲ್ಲ ವ್ಯಾಪಾರದ ದೃಷ್ಟಿಯಿಂದ ಸುಳ್ಳಲ್ಲ. ಆದರೆ ಹಣ ತೆತ್ತವರಿಗೆ ಈ ಕೀಲಿಯ ವಿಷಯವನ್ನು ಡಬ್ಬಿಯ ಮೇಲೆ ಎದ್ದು ಕಾಣುವಂತೆ ಹೇಳಬೇಕಲ್ಲವೇ? ಸಣ್ಣಕ್ಷರದಲ್ಲಿ ಅಡಗಿದ ಮಾತು ಚಂದಾಪುರದ ಒಂದು ಮನೆಯಲ್ಲಿ ಅತ್ತೆಯ ಪ್ರೀತಿಯನ್ನೇ ನಕಲಿಯೆಂದು ಅನಿಸುವಂತೆ ಮಾಡಿತು.

ಹಾಲಿ, ಕಲ್ದಾರ ಮತ್ತು ಕರೋಡಗಿರಿ

ಈ ಮಾತುಕತೆಯನ್ನೆಲ್ಲ ಮೂಲೆಯಲ್ಲಿ ಕುಳಿತು ಕೇಳುತ್ತಿದ್ದ ಆ ಮನೆಯ ಹಿರಿಯ ತಾಯಿ, ತೊಂಬತ್ತರ ಹತ್ತಿರದವರು, ನಕ್ಕು ನುಡಿದರು: “ನಮ್ಮ ಕಾಲದಾಗ ರೊಕ್ಕಕ್ಕೂ ಹಿಂಗೇ ಇತ್ತರಿ. ಹಾಲಿ ಬ್ಯಾರೆ, ಕಲ್ದಾರ ಬ್ಯಾರೆ. ನಮ್ಮ ರೂಪಾಯಿ ಸೊಲ್ಲಾಪುರದಾಗ ನಡಿತಿದ್ದಿಲ್ಲ.”

ಆ ತಾಯಿಯ ಮಾತು ನಮಗೆ ಬಹಳ ಹಿಡಿಸಿತು. ಚಿಂಚೋಳಿಯ ಸೀಮೆ 1948ರ ಸೆಪ್ಟೆಂಬರಿನವರೆಗೆ ನಿಜಾಮರ ಹೈದರಾಬಾದ್ ಸಂಸ್ಥಾನದಲ್ಲಿತ್ತು. ಆ ಸಂಸ್ಥಾನಕ್ಕೆ ತನ್ನದೇ ನಾಣ್ಯ. ಅದನ್ನು ಹಾಲಿ ಸಿಕ್ಕಾ ಎನ್ನುತ್ತಿದ್ದರು. ಬ್ರಿಟಿಷ್ ಇಂಡಿಯಾದ ರೂಪಾಯಿಗೆ ಕಲ್ದಾರ ಎಂದು ಹೆಸರು. ಏಳು ಹಾಲಿ ರೂಪಾಯಿ ಕೊಟ್ಟರೆ ಆರು ಕಲ್ದಾರ. ಬೀಗರ ಮನೆ ಸೊಲ್ಲಾಪುರ ಜಿಲ್ಲೆಯಲ್ಲಿದ್ದರೆ ಮದುವೆಯ ಜವಳಿಗೆ ಹೋಗುವವರು ಮೊದಲು ರೊಕ್ಕ ಬದಲಿಸಿಕೊಳ್ಳಬೇಕು. ಮರಳಿ ಬರುವಾಗ ಗಡಿಯಲ್ಲಿ ಕರೋಡಗಿರಿ ನಾಕೆ. ತಂದ ಸರಕಿಗೆ ಸುಂಕ. ಊಟ ಒಂದು, ಉಡುಗೆ ಒಂದು, ನುಡಿ ಒಂದು, ನಂಟು ಒಂದು. ನಡುವೆ ಕೀಲಿ ಮಾತ್ರ ಎರಡು.

ಆ ಕೀಲಿಗಳು ಶಾಶ್ವತವಾಗಿ ಉಳಿಯಲಿಲ್ಲ. 1950ರ ದಶಕ ಮುಗಿಯುವ ವೇಳೆಗೆ ಹಾಲಿ ಸಿಕ್ಕಾ ಮರೆಯಾಯಿತು. ಸುಂಕದ ನಾಕೆಗಳು ಹೋದವು. 1956ರ ನವೆಂಬರ್ 1ರಂದು ಈ ಸೀಮೆ ಕನ್ನಡ ರಾಜ್ಯವನ್ನು ಸೇರಿತು. ಆಮೇಲೆ ಮೊಬೈಲ್ ಫೋನು ಬಂದಾಗ ಗಡಿಯವರಿಗೆ ಇನ್ನೊಂದು ಬಗೆಯ ನಾಕೆ ಎದುರಾಯಿತು. ತಾಂಡೂರಿನ ದಾರಿಯಲ್ಲಿ ನಾಲ್ಕು ಮೈಲಿ ಹೋದರೆ ಫೋನು ಪಕ್ಕದ ರಾಜ್ಯದ ಗೋಪುರವನ್ನು ಹಿಡಿದು ‘ರೋಮಿಂಗ್’ ಲೆಕ್ಕ ಶುರುವಾಗುತ್ತಿತ್ತು. 2017ರ ಹೊತ್ತಿಗೆ ಅದೂ ತೊಲಗಿತು.

ಆಟದ ಯಂತ್ರದ ಚರಿತ್ರೆಯಲ್ಲಿಯೂ ಇಂಥದೊಂದು ತಿರುವು ಅದೇ ವರ್ಷ ಬಂದಿತು. 2017ರ ಮಾರ್ಚ್ 3ರಂದು ನಿಂಟೆಂಡೊ ಬಿಡುಗಡೆ ಮಾಡಿದ ‘ಸ್ವಿಚ್’ ಯಂತ್ರದಲ್ಲಿ ಕಾರ್ಡುಗಳಿಗೆ ಪ್ರದೇಶದ ಕೀಲಿಯನ್ನು ತೆಗೆದುಹಾಕಲಾಯಿತು. ಅಮೆರಿಕದ ಕಾರ್ಡು ಜಪಾನಿನ ಯಂತ್ರದಲ್ಲಿ ನಡೆಯತೊಡಗಿತು. ಮನುಷ್ಯರು ಹಾಕಿದ ಕೀಲಿಯನ್ನು ಮನುಷ್ಯರೇ ತೆಗೆಯಬಲ್ಲರು ಎಂಬುದಕ್ಕೆ ಹಾಲಿ ಸಿಕ್ಕಾ ಒಂದು ಸಾಕ್ಷಿ, ಇದು ಇನ್ನೊಂದು.

ಆದರೂ ಕೀಲಿ ಬೇರೆ ರೂಪದಲ್ಲಿ ಮರಳುವುದುಂಟು. 2025ರ ಜೂನ್ 5ರಂದು ‘ಸ್ವಿಚ್ 2’ ಬಂದಾಗ ಜಪಾನಿನಲ್ಲಿ ಎರಡು ಬಗೆಯ ಯಂತ್ರಗಳನ್ನು ಮಾರಾಟಕ್ಕೆ ಇಟ್ಟರು. ಎಲ್ಲ ಭಾಷೆಗಳ ಯಂತ್ರಕ್ಕೆ ಆರಂಭದ ಬೆಲೆ 69,980 ಯೆನ್. ಜಪಾನೀ ಭಾಷೆಯೊಂದೇ ಇರುವ, ಜಪಾನಿನ ಖಾತೆಗಷ್ಟೇ ಒಗ್ಗುವ ಯಂತ್ರಕ್ಕೆ 49,980 ಯೆನ್. ಅಲ್ಲಿರುವ ನಮ್ಮ ಮಕ್ಕಳು ಅಗ್ಗವೆಂದು ಎರಡನೆಯದನ್ನು ಕೊಂಡು ಊರಿಗೆ ತಂದರೆ, ಯಂತ್ರ ಮಾತನಾಡುವುದು ಜಪಾನೀ ಭಾಷೆಯಲ್ಲಿ ಮಾತ್ರ.

ಇನ್ನೊಂದು ಸಂಗತಿ ಯೋಚನೆಗೆ ಹಚ್ಚುತ್ತದೆ. ಪುಣೆಯ ‘ನಾಡಿಂಗ್ ಹೆಡ್ಸ್’ ಎಂಬ ಸಂಸ್ಥೆಯ ತರುಣರು ನಮ್ಮ ಪುರಾಣಗಳ ಹಿನ್ನೆಲೆಯಲ್ಲಿ ‘ರಾಜಿ’ ಎಂಬ ಆಟವನ್ನು ರಚಿಸಿದರು. 2020ರ ಆಗಸ್ಟ್ 18ರಂದು ಅದು ಮೊದಲು ಬಿಡುಗಡೆಯಾದದ್ದು ಸ್ವಿಚ್ ಯಂತ್ರದಲ್ಲಿ. ಆ ಯಂತ್ರವನ್ನು ಆಗ ಕಂಪನಿಯು ಭಾರತದಲ್ಲಿ ಅಧಿಕೃತವಾಗಿ ಮಾರುತ್ತಲೇ ಇರಲಿಲ್ಲ. ನಮ್ಮವರು ಹೆಣೆದ ಕಥೆ ನಮ್ಮ ಮಕ್ಕಳನ್ನು ಬಿಟ್ಟು ಹೊರಗಿನ ಮಕ್ಕಳ ಕೈಗೆ ಮೊದಲು ಹೋಯಿತು. ಇತರ ಯಂತ್ರಗಳಿಗೆ ಬಂದದ್ದು ಎರಡು ತಿಂಗಳ ಅನಂತರ.

ಶುದ್ಧಿಪತ್ರದ ದೃಷ್ಟಾಂತ

ಕೀಲಿಯ ಮಾತು ಮುಗಿದರೂ ‘ಅಪ್‌ಡೇಟ್’ ಎಂಬ ಇನ್ನೊಂದು ಮಾತು ಉಳಿಯುತ್ತದೆ. ಗ್ರಂಥಗಳ ನಡುವೆ ಬೆಳೆದ ನಮಗೆ ಇದು ತಕ್ಷಣ ತಿಳಿಯಿತು. ಪುಸ್ತಕ ಅಚ್ಚಾದ ಮೇಲೆ ತಪ್ಪುಗಳು ಕಂಡರೆ ಪ್ರಕಾಶಕರು ಒಂದು ಶುದ್ಧಿಪತ್ರವನ್ನು ಮುದ್ರಿಸಿ ಸೇರಿಸುತ್ತಾರೆ. ಇಂಥ ಪುಟ, ಇಂಥ ಸಾಲು, ಇದನ್ನು ಹೀಗೆ ಓದಿಕೊಳ್ಳಿ ಎಂದು. ಆಟದ ಅಪ್‌ಡೇಟ್ ಅಂಥದೇ ಒಂದು ಶುದ್ಧಿಪತ್ರ. ಕಾರ್ಡಿನಲ್ಲಿರುವುದು ಮೊದಲ ಆವೃತ್ತಿ. ತಿದ್ದುಪಡಿ ಜಾಲದ ಮೂಲಕ ಬಂದು ಯಂತ್ರದ ನೆನಪಿನಲ್ಲಿ ಕೂಡುತ್ತದೆ. ಆಟ ತೆರೆದಾಗ ಎರಡನ್ನೂ ಜೋಡಿಸಿ ಓದಲಾಗುತ್ತದೆ.

ಧಾರವಾಡದ ಮುದ್ರಣಕ್ಕೆ ಮಾಡಿದ ಶುದ್ಧಿಪತ್ರವನ್ನು ಮೈಸೂರಿನ ಮುದ್ರಣಕ್ಕೆ ಅಂಟಿಸಿದರೆ ಏನಾದೀತು? ಪುಟವೂ ಸಾಲೂ ತಪ್ಪಿ ಇದ್ದ ಅರ್ಥವೂ ಕೆಟ್ಟೀತು. ಹಾಗೆಯೇ ಅಮೆರಿಕದ ಆವೃತ್ತಿಯ ತಿದ್ದುಪಡಿ ಯೂರೋಪಿನ ಆವೃತ್ತಿಗೆ ಹೊಂದದಿರಬಹುದು. ಕಾರ್ಡಿಗೆ ಕೀಲಿಯಿಲ್ಲದ ಯಂತ್ರಗಳಲ್ಲಿಯೂ, ಹಣ ಕೊಟ್ಟು ಕೊಳ್ಳುವ ಆಟದ ಹೆಚ್ಚುವರಿ ಭಾಗಗಳು ಕಾರ್ಡು ಯಾವ ದೇಶದ್ದೋ ಆ ದೇಶದ ಅಂಗಡಿಯವೇ ಆಗಿರಬೇಕಾಗುತ್ತದೆ. ಇದನ್ನು ಅರಿಯದೆ ಹಣ ಕಳೆದುಕೊಂಡವರು ಅನೇಕರು.

ಹಿಂದಿನ ಯಂತ್ರಗಳಲ್ಲಿ ಒಂದು ಒಳ್ಳೆಯ ವ್ಯವಸ್ಥೆಯಿತ್ತು. ಪಿಎಸ್‌ಪಿಯ ಆಟದ ತಟ್ಟೆಯಲ್ಲಿಯೂ 3ಡಿಎಸ್ ಕಾರ್ಡಿನಲ್ಲಿಯೂ ಯಂತ್ರಕ್ಕೆ ಬೇಕಾದ ತಿದ್ದುಪಡಿಯನ್ನೇ ಸೇರಿಸಿ ಕೊಡುತ್ತಿದ್ದರು. ಇಂಟರ್‌ನೆಟ್ ಇಲ್ಲದ ಹಳ್ಳಿಯ ಮನೆಯಲ್ಲಿಯೂ ಅದನ್ನು ಹಾಕಿಕೊಳ್ಳಬಹುದಿತ್ತು. ಸ್ವಿಚ್ ಯಂತ್ರದಲ್ಲಿ ಇದಕ್ಕಿಂತ ಸೊಗಸಾದ ಏರ್ಪಾಡಿದೆ. ಒಂದೇ ಆಟವಿರುವ ಎರಡು ಯಂತ್ರಗಳನ್ನು ಹತ್ತಿರ ಇಟ್ಟರೆ, ತಿದ್ದುಪಡಿ ಇರುವ ಯಂತ್ರವು ಇಲ್ಲದ ಯಂತ್ರಕ್ಕೆ ಜಾಲದ ನೆರವಿಲ್ಲದೆ ಅದನ್ನು ಹಂಚುತ್ತದೆ. ಒಂದು ದೀಪದಿಂದ ಇನ್ನೊಂದು ದೀಪ ಹಚ್ಚಿದಂತೆ. ಕೊಟ್ಟ ದೀಪಕ್ಕೆ ಏನೂ ಕೊರತೆಯಾಗುವುದಿಲ್ಲ. ವಿದ್ಯೆಯನ್ನು ಯಂತ್ರವೇ ದಾಸೋಹ ಮಾಡುವ ಈ ಕ್ರಮವನ್ನು ಕೇಳಿ ನಮಗೆ ಸಂತೋಷವಾಯಿತು.

ಯಂತ್ರಕ್ಕೆ ತಿದ್ದುಪಡಿ ಹಾಕುವಾಗ ಮನೆಯವರು ಪಾಲಿಸಬೇಕಾದ ಎಚ್ಚರಿಕೆಗಳು ಸರಳ. ಬ್ಯಾಟರಿ ತುಂಬಿರಲಿ, ಚಾರ್ಜರಿಗೆ ಜೋಡಿಸಿಯೇ ಇರಲಿ. ನೆನಪಿನ ಕಾರ್ಡಿನಲ್ಲಿ ಜಾಗವಿದೆಯೇ ನೋಡಿಕೊಳ್ಳಿ. ಕೆಲಸ ನಡೆದಿರುವಾಗ ಯಂತ್ರವನ್ನು ಆರಿಸಬಾರದು, ಕಾರ್ಡನ್ನು ಕೀಳಬಾರದು. ಅರ್ಧಕ್ಕೆ ನಿಂತ ತಿದ್ದುಪಡಿ ಅರ್ಧ ಹೊಲಿದ ಅಂಗಿಯಂತಲ್ಲ, ಮತ್ತೆ ಹೊಲಿಯಲು ಬಾರದೆಯೂ ಹೋಗಬಹುದು. ಕರೆಂಟು ಹೋಗಿಬರುವ ಊರುಗಳಲ್ಲಿ ಈ ಮಾತು ಬಹಳ ಮುಖ್ಯ.

ಕೀಲಿ ಒಡೆಯುವ ಆಸೆ

ಚಂದಾಪುರದ ಹುಡುಗನಿಗೆ ಇನ್ನೊಂದು ಯೋಚನೆಯೂ ಇತ್ತು. ಕೀಲಿಯನ್ನು ಒಡೆಯುವ ವಿದ್ಯೆ ಇಂಟರ್‌ನೆಟ್ಟಿನಲ್ಲಿ ಸಿಗುತ್ತದೆಂದು ಗೆಳೆಯನೊಬ್ಬ ಹೇಳಿದ್ದನಂತೆ. ಎಂಜಿನಿಯರಿಂಗ್ ಓದುವ ಅಣ್ಣ ಬೇಡವೆಂದ. ಯಾರೋ ಬರೆದ ತಂತ್ರಾಂಶವನ್ನು ಹಾಕಿದಾಗ ಒಂದು ಹೆಜ್ಜೆ ತಪ್ಪಿದರೆ ಯಂತ್ರವು ಇಟ್ಟಿಗೆಯಂತೆ ನಿಶ್ಚೇಷ್ಟವಾಗುತ್ತದೆ. ಕಂಪನಿಯ ಜಾಲದಿಂದ ಅದನ್ನು ಹೊರಹಾಕುವುದೂ ಉಂಟು.

ಕಾನೂನಿನ ಮಾತೂ ಇದೆ. 2012ರಲ್ಲಿ ನಮ್ಮ ಕೃತಿಸ್ವಾಮ್ಯ ಕಾಯಿದೆಗೆ 65ಎ ಎಂಬ ಹೊಸ ಕಲಮನ್ನು ಸೇರಿಸಲಾಯಿತು. ಕೃತಿಸ್ವಾಮ್ಯದ ಹಕ್ಕನ್ನು ಉಲ್ಲಂಘಿಸುವ ಉದ್ದೇಶದಿಂದ ಇಂಥ ರಕ್ಷಣೆಯನ್ನು ಭೇದಿಸಿದವರಿಗೆ ಎರಡು ವರ್ಷಗಳವರೆಗೆ ಸೆರೆವಾಸವನ್ನೂ ದಂಡವನ್ನೂ ಅದು ವಿಧಿಸುತ್ತದೆ. ಕದ್ದ ಆಟವನ್ನು ಆಡಲು ಕೀಲಿ ಒಡೆಯುವುದಕ್ಕೂ, ಹಣ ಕೊಟ್ಟು ಕೊಂಡದ್ದನ್ನು ಆಡಲು ತಡಕಾಡುವುದಕ್ಕೂ ಧರ್ಮದ ದೃಷ್ಟಿಯಲ್ಲಿ ಅಂತರವಿದೆ. ಆಸ್ಟ್ರೇಲಿಯದಲ್ಲಿ ಈ ಅಂತರವನ್ನು ಗುರುತಿಸಿದ್ದಾರೆ. ಅಲ್ಲಿಯ ಹೈಕೋರ್ಟು, ಎಂದರೆ ಆ ದೇಶದ ಅತ್ಯುನ್ನತ ನ್ಯಾಯಾಲಯ, 2005ರಲ್ಲಿ ಸೋನಿಯ ಯಂತ್ರಗಳಿಗೆ ಬದಲಿ ಚಿಪ್ಪು ಕೂಡಿಸುತ್ತಿದ್ದವರ ಪರವಾಗಿ ತೀರ್ಪು ಕೊಟ್ಟಿತು. ಮುಂದಿನ ವರ್ಷ ಕಾಯಿದೆಯನ್ನು ಬಿಗಿ ಮಾಡಿದಾಗಲೂ, ಸಿನಿಮಾ ಮತ್ತು ಆಟಗಳನ್ನು ದೇಶದೇಶಕ್ಕೆ ವಿಂಗಡಿಸುವ ಕೀಲಿಗೆ ಆ ರಕ್ಷಣೆಯನ್ನು ಕೊಡಲಿಲ್ಲ. ನಮ್ಮ ಕಾಯಿದೆಯಲ್ಲಿಯೂ ಇಷ್ಟು ಸ್ಪಷ್ಟತೆ ಬಂದರೆ ಒಳಿತು. ಅಲ್ಲಿಯವರೆಗೆ ಮಕ್ಕಳನ್ನು ಆ ದಾರಿಗೆ ಬಿಡದಿರುವುದೇ ಲೇಸು.

ಅಂಗಡಿ ಮುಚ್ಚಿದ ಮೇಲೆ

ಎಲ್ಲಕ್ಕಿಂತ ಗಂಭೀರವಾದ ಪ್ರಶ್ನೆ ಇದು: ತಿದ್ದುಪಡಿ ಕೊಡುವ ಅಂಗಡಿಯೇ ಮುಚ್ಚಿದರೆ? 3ಡಿಎಸ್ ಯಂತ್ರದ ಜಾಲದಂಗಡಿಯಲ್ಲಿ ಮಾರಾಟವು 2023ರ ಮಾರ್ಚ್ ಕೊನೆಯ ವಾರದಲ್ಲಿ ನಿಂತಿತು. ಜಾಲದ ಮೂಲಕ ಕೂಡಿ ಆಡುವ ಸೌಕರ್ಯ 2024ರ ಏಪ್ರಿಲಿನಲ್ಲಿ ನಿಂತಿತು. ಮೊದಲೇ ಕೊಂಡದ್ದನ್ನೂ ತಿದ್ದುಪಡಿಗಳನ್ನೂ ಇಳಿಸಿಕೊಳ್ಳುವ ಅವಕಾಶವನ್ನು ಮಾತ್ರ ಆಗ ಉಳಿಸಿದರು; ಎಂದಿನವರೆಗೆ ಎಂಬುದು ಕಂಪನಿಯ ಇಚ್ಛೆ. ಸೋನಿಯು 2021ರ ಮಾರ್ಚಿನಲ್ಲಿ ವಿಟಾದ ಅಂಗಡಿಯನ್ನು ಮುಚ್ಚುವುದಾಗಿ ಸಾರಿತ್ತು. ಆಡುವವರು ಒಕ್ಕೊರಲಿನಿಂದ ಬೇಡಿಕೊಂಡ ಮೇಲೆ ಮರುತಿಂಗಳೇ ಆ ನಿರ್ಧಾರವನ್ನು ಕೈಬಿಟ್ಟಿತು. ಕೇಳುವವರಿದ್ದರೆ ಕೇಳಿಸಿಕೊಳ್ಳುತ್ತಾರೆ ಎಂಬುದಕ್ಕೆ ಇದು ನಿದರ್ಶನ.

ಸ್ವಿಚ್ 2ರ ಕೆಲವು ಆಟಗಳಿಗೆ ‘ಗೇಮ್ ಕೀ ಕಾರ್ಡ್’ ಎಂದೇ ಹೆಸರು. ಡಬ್ಬಿ ಒಡೆದರೆ ಕಾರ್ಡು ಇರುತ್ತದೆ, ಕಾರ್ಡಿನಲ್ಲಿ ಆಟವಿರುವುದಿಲ್ಲ. ಕೀಲಿಕೈ ಮಾತ್ರ ಇರುತ್ತದೆ. ಆಟವನ್ನು ಜಾಲದಿಂದ ಇಳಿಸಿಕೊಳ್ಳಬೇಕು. ಮಠದ ಭಂಡಾರದಲ್ಲಿ ನಾವು ಕಂಡ ಓಲೆಗರಿಯ ಕಟ್ಟುಗಳು ಬರೆದವನೂ ಬರೆಸಿದವನೂ ಗತಿಸಿ ಶತಮಾನಗಳು ಕಳೆದರೂ ಬಿಚ್ಚಿದವನಿಗೆ ಓದಲು ಸಿಗುತ್ತವೆ. ಅವುಗಳ ಕೀಲಿಕೈ ಅಕ್ಷರಜ್ಞಾನವೊಂದೇ. ಇಂದು ಕೊಂಡ ಆಟವನ್ನು ಇಪ್ಪತ್ತು ವರ್ಷಗಳ ಮೇಲೆ ಆ ಹುಡುಗ ತನ್ನ ಮಗನಿಗೆ ತೋರಿಸಬಲ್ಲನೇ ಎಂಬುದು ದೂರದ ಯಾವುದೋ ಕಚೇರಿಯ ನಿರ್ಧಾರಕ್ಕೆ ಬಿಟ್ಟದ್ದು.

ಮನೆಮನೆಗೆ ನಾಲ್ಕು ಮಾತು

ಆದ್ದರಿಂದ ಹೊರದೇಶದಿಂದ ಇಂಥ ಕಾಣಿಕೆಯನ್ನು ತರುವವರೂ ತರಿಸುವವರೂ ಕೆಲವು ವಿಷಯಗಳನ್ನು ಮೊದಲೇ ವಿಚಾರಿಸಬೇಕು. ಒಂದನೆಯದು, ಮನೆಯಲ್ಲಿರುವ ಯಂತ್ರ ಯಾವ ದೇಶದ್ದು, ಅದಕ್ಕೆ ಪ್ರದೇಶದ ಕೀಲಿ ಉಂಟೇ ಎಂಬುದು. ಯಂತ್ರದ ಬೆನ್ನಿನ ಮೇಲಿನ ಮಾದರಿ ಸಂಖ್ಯೆಯ ಚಿತ್ರವನ್ನು ಫೋನಿನಲ್ಲಿ ಕಳಿಸಿದರೆ ಅಂಗಡಿಯವರು ನೋಡಿ ಹೇಳಬಲ್ಲರು. ಎರಡನೆಯದು, ಖಾತೆ ಯಾವ ದೇಶದ ಹೆಸರಿನಲ್ಲಿದೆ ಎಂಬುದು. ಕಾರ್ಡು, ಖಾತೆ, ಹೆಚ್ಚುವರಿ ಭಾಗ ಈ ಮೂರೂ ಒಂದೇ ದೇಶದವಾಗಿದ್ದರೆ ತೊಡಕಿಲ್ಲ. ಮೂರನೆಯದು, ಆಟವು ಪೂರ್ಣವಾಗಿ ಕಾರ್ಡಿನಲ್ಲಿಯೇ ಇದೆಯೇ, ಇಲ್ಲವೇ ಜಾಲದಿಂದ ಇಳಿಸಬೇಕೇ ಎಂಬುದು. ನಾಲ್ಕನೆಯದು, ಯಂತ್ರದಲ್ಲಿ ಇಂಗ್ಲಿಷ್ ಭಾಷೆಯಾದರೂ ಇದೆಯೇ ಎಂಬುದು. ಕನ್ನಡದ ಮಾತಂತೂ ದೂರವೇ ಉಳಿದಿದೆ. ಸ್ವಿಚ್ ಯಂತ್ರವು ಅರಿತ ಭಾಷೆಗಳ ಪಟ್ಟಿಯಲ್ಲಿ ಡಚ್ ಭಾಷೆಗೆ ಸ್ಥಳವಿದೆ, ಕನ್ನಡಕ್ಕಿಲ್ಲ.

ಮಕ್ಕಳು ಎಷ್ಟು ಹೊತ್ತು ಆಡಬೇಕೆಂಬುದು ಬೇರೆಯೇ ವಿಚಾರ. ಅದನ್ನು ತಾಯಿತಂದೆಗಳು ಬಲ್ಲರು.

ಚಂದಾಪುರದ ಆ ಮನೆಯಲ್ಲಿ ಅಂದು ಸಂಜೆಯೇ ಅಣ್ಣನು ತಂಗಿಗೆ ಫೋನು ಮಾಡಿದರು. ಕಾರ್ಡುಗಳು ಅಸಲಿಯೇ ಎಂದು ತಿಳಿದಾಗ ಆ ಕಡೆಯ ದನಿ ಹಗುರವಾದದ್ದು ನಮಗೂ ಕೇಳಿಸಿತು. ಅಮೆರಿಕದಲ್ಲಿ ಅಂಥದೇ ಯಂತ್ರವಿರುವ ಪರಿಚಿತರ ಮಗುವಿಗೆ ಕಾರ್ಡುಗಳನ್ನು ಕೊಡುವುದೆಂದೂ, ಜಪಾನಿನ ಕಾರ್ಡುಗಳನ್ನು ಕಾಕಾ ತಮ್ಮ ಹಳೆಯ ಪೆಟ್ಟಿಗೆಯಲ್ಲಿ ಹುಡುಕುವುದೆಂದೂ ಮಾತಾಯಿತು.

ವಸ್ತುವನ್ನು ಕೊಂಡಾಗ ಕೀಲಿಕೈ ಮಾರಿದವರ ಬಳಿಯೇ ಉಳಿದಿದ್ದರೆ ಆ ಕೊಳ್ಳುವಿಕೆ ಅರ್ಧ ಮಾತ್ರ. ಹೊಲ ಕೊಳ್ಳುವವನು ಬಾವಿಯ ದಾರಿ ಯಾರದೆಂದು ಮೊದಲು ಕೇಳುತ್ತಾನೆ. ದವಸ ಕೊಳ್ಳುವ ತಾಯಿ ಹಿಡಿ ಕಾಳನ್ನು ಅಂಗೈಯಲ್ಲಿ ಆಡಿಸಿ ನೋಡುತ್ತಾಳೆ. ಅದೇ ವಿವೇಕವನ್ನು ಈ ಹೊಸ ಯಂತ್ರಗಳ ಮುಂದೆಯೂ ನಮ್ಮ ಮನೆಗಳು ತೋರಿಸಲಿ. ಸಾಗರ ದಾಟಿ ಬರುವ ಪ್ರೀತಿ ಒಂದು ಸಂಖ್ಯೆಯ ತೊಡಕಿನಿಂದ ಸಂಶಯಕ್ಕೆ ಗುರಿಯಾಗದಿರಲಿ ಎಂಬುದು ನಮ್ಮ ಹಾರೈಕೆ.